ಉದಯಪುರದಲ್ಲಿ ಶೂಟಿಂಗ್ ಮಾಡಿದ ಆ ಜರ್ಮನ್ ಕಂಪನಿ ಏನಾಯಿತು?

ಪ್ರಶ್ನೆ: ಸರ್, ಫ್ರಿಟ್ಸ್ ಲಾಂಗ್ ನಿರ್ದೇಶನದ, ಉದಯಪುರದಲ್ಲಿ ಚಿತ್ರೀಕರಿಸಿದ ಎರಡು ಹಳೆಯ ಜರ್ಮನ್ ಸಿನಿಮಾ ನೋಡಿದೆ. ಶುರುವಿನಲ್ಲಿ ಸಿಸಿಸಿ ಎಂಬ ಕಂಪನಿಯ ಹೆಸರು ಬರುತ್ತದೆ. ಒಂದು ಕಾಲದಲ್ಲಿ ಬಹಳ ದೊಡ್ಡ ಕಂಪನಿಯಾಗಿತ್ತಂತೆ, ಟಿವಿ ಬಂದ ಮೇಲೆ ಮುಚ್ಚಿಹೋಯಿತಂತೆ. ನಿಜಾನಾ? ಅಷ್ಟು ದೊಡ್ಡ ಕಂಪನಿ ಅಷ್ಟು ಬೇಗ ಬಿದ್ದದ್ದು ಹೇಗೆ?

ಉತ್ತರ: ನೀವು ಕೇಳಿದ್ದು ನನಗೆ ತುಂಬಾ ಇಷ್ಟದ ವಿಷಯ, ಹಾಗಾಗಿ ಉತ್ತರ ಸ್ವಲ್ಪ ಉದ್ದವಾಗುತ್ತದೆ. ಟಿವಿಯಿಂದ ಭಾರಿ ಪೆಟ್ಟು ಬಿದ್ದದ್ದು ನಿಜ. ಮುಚ್ಚಿಹೋಯಿತು ಅನ್ನುವುದು ಸುಳ್ಳು. ಮತ್ತೆ, ಈ ಕಥೆಯನ್ನು ಬರೀ ಟಿವಿ ಹೆಸರಲ್ಲಿ ಮುಗಿಸಿದರೆ ಮುಖ್ಯವಾದದ್ದೇ ಬಿಟ್ಟುಹೋಗುತ್ತದೆ. ನನಗೆ ಅನ್ನಿಸುವುದು ಇಷ್ಟು: ಆ ಕಂಪನಿ ಒಂದೇ ಗಲ್ಲಾಪೆಟ್ಟಿಗೆ ಇಟ್ಟುಕೊಂಡು ಎರಡು ಅಂಗಡಿ ನಡೆಸುತ್ತಿತ್ತು. ಒಂದರಲ್ಲಿ ಹಾಡು, ಕುಣಿತ, ಪತ್ತೇದಾರಿ, ಸಾಹಸ. ಇನ್ನೊಂದರಲ್ಲಿ ನಾಜಿಗಳ ಕೈಯಲ್ಲಿ ಸತ್ತವರ ಮತ್ತು ಬದುಕಿ ಬಂದವರ ಕಥೆ. ಮೊದಲನೆಯದು ದುಡಿದು ಎರಡನೆಯದನ್ನು ಸಾಕಬೇಕಿತ್ತು. ಇದನ್ನು ಮನಸ್ಸಲ್ಲಿ ಇಟ್ಟುಕೊಂಡರೆ ಏಳುಬೀಳು ಎರಡೂ ಅರ್ಥವಾಗುತ್ತವೆ.

ಯಜಮಾನರ ಹೆಸರು ಆರ್ತುರ್ ಬ್ರೌನರ್. 1918ರಲ್ಲಿ ಪೋಲೆಂಡಿನ ಲೋಡ್ಜ್ ನಗರದಲ್ಲಿ ಹುಟ್ಟಿದ ಯಹೂದಿ. ಅಪ್ಪನದು ಮರದ ವ್ಯಾಪಾರ. ಯುದ್ಧ ಬಂದಾಗ ಸೋವಿಯತ್ ಒಕ್ಕೂಟದ ಕಡೆ ಓಡಿ ಜೀವ ಉಳಿಸಿಕೊಂಡರು. ಬಂಧುಬಳಗದಲ್ಲಿ 49 ಜನ ಕೊಲೆಯಾಗಿ ಹೋದರು. ಅಂಥ ಮನುಷ್ಯ 1946ರಲ್ಲಿ, ಎಲ್ಲಾ ಬಿಟ್ಟು ಬರ್ಲಿನ್‌ಗೇ ಬಂದು ಸಿನಿಮಾ ಕಂಪನಿ ತೆರೆದರು. ಸೆಂಟ್ರಲ್ ಸಿನಿಮಾ ಕಂಪನಿ, ಚಿಕ್ಕದಾಗಿ ಸಿಸಿಸಿ. ಅವರಿಗೆ ಆಗ 28 ವರ್ಷ. ನಗರ ಇನ್ನೂ ಕಲ್ಲುಮಣ್ಣಿನ ರಾಶಿ.

ಮೊದಲು ಒಂದು ಹಗುರ ಹಾಸ್ಯಚಿತ್ರ ಮಾಡಿದರು. ಆದರೆ ಮನಸ್ಸಿನಲ್ಲಿ ಇದ್ದದ್ದು ಬೇರೆ ಚಿತ್ರ. ಅದು 1948ರ 'ಮೊರಿಟುರಿ'. ಕಥೆಯ ಎಳೆ ಬ್ರೌನರ್ ಅವರದೇ. ಕಾನ್ಸನ್‌ಟ್ರೇಷನ್ ಕ್ಯಾಂಪಿನಿಂದ ತಪ್ಪಿಸಿಕೊಂಡ ಕೆಲವರು ಕಾಡು ಸೇರುತ್ತಾರೆ. ಅಲ್ಲಿ ಮೊದಲೇ ಹೆಂಗಸರು, ಮಕ್ಕಳು, ಮುದುಕರು ಅಡಗಿ ಕೂತಿರುತ್ತಾರೆ. ಜರ್ಮನ್ ಸೈನಿಕರ ಹೆಜ್ಜೆ ಸದ್ದು ಹತ್ತಿರ ಬಂದಾಗಲೆಲ್ಲ ಎಲ್ಲರೂ ಉಸಿರು ಬಿಗಿಹಿಡಿಯುತ್ತಾರೆ. ಮುಂದೆ ದೊಡ್ಡ ಹೆಸರು ಮಾಡಿದ ಕ್ಲಾಸ್ ಕಿನ್ಸ್ಕಿ ಮೊದಲ ಸಲ ತೆರೆಯ ಮೇಲೆ ಕಂಡದ್ದು ಇದೇ ಚಿತ್ರದಲ್ಲಿ, ಒಬ್ಬ ಕೈದಿಯಾಗಿ, ಚಿಕ್ಕ ಪಾತ್ರ. ಈ ಕಾಡು ಸುಮ್ನೆ ಹುಟ್ಟಿದ ಕಲ್ಪನೆ ಅಲ್ಲ. ತಪ್ಪಿಸಿಕೊಂಡು ತಿರುಗಿದವನೊಬ್ಬ ನೆನಪಿನಿಂದ ಎತ್ತಿ ಕೊಟ್ಟದ್ದು.

ಚಿತ್ರ ಮಕಾಡೆ ಮಲಗಿತು. ಜನ ನೋಡಲಿಲ್ಲ ಅಷ್ಟೇ ಅಲ್ಲ, ಸಿಟ್ಟಾದರು. ಯುದ್ಧ ಮುಗಿದು ಮೂರು ವರ್ಷ, ಹೊಟ್ಟೆಗಿಲ್ಲ, ಮನೆಗೆ ಸೂರಿಲ್ಲ, ಸತ್ತವರು ಎಲ್ಲರ ಮನೆಯಲ್ಲೂ ಇದ್ದರು. ಇಂಥದ್ದರಲ್ಲಿ ನಮ್ಮವರೇ ಮಾಡಿದ್ದನ್ನು ದುಡ್ಡು ಕೊಟ್ಟು ನೋಡುವುದಾ ಅಂತ. ಥಿಯೇಟರ್‌ನವರು ಚಿತ್ರ ಎತ್ತಿಹಾಕಿದರು. ಸಾಲ ತೀರಿಸುವುದಕ್ಕೆ ಬ್ರೌನರ್ ಅವರಿಗೆ ವರ್ಷಗಳೇ ಹಿಡಿದವು.

ಬೇರೆಯವರಾದರೆ ಇಲ್ಲಿಗೆ ಆ ವಿಷಯದ ಸಹವಾಸವೇ ಬೇಡ ಅಂತ ಬಿಡುತ್ತಿದ್ದರು, ಅಲ್ವಾ? ಬ್ರೌನರ್ ಕಲಿತ ಪಾಠ ಬೇರೆ. ಜನ ನಗಬೇಕು ಅಂದರೆ ನಗಿಸೋಣ, ಅದರಿಂದ ಬಂದ ದುಡ್ಡಿನಲ್ಲಿ ಮುಂದೆಂದೋ ಆ ಕಾಡಿಗೆ ಮತ್ತೆ ಹೋಗೋಣ.

ಅದಕ್ಕೆ ಮೊದಲು ಬೇಕಾದದ್ದು ಸ್ವಂತ ಸ್ಟುಡಿಯೋ. ಯುದ್ಧಕ್ಕೆ ಮುಂಚೆ ಜರ್ಮನ್ ಸಿನಿಮಾ ಅಂದರೆ ಉಫಾ ಎಂಬ ದೈತ್ಯ ಕಂಪನಿ, ಉಫಾ ಅಂದರೆ ಬರ್ಲಿನ್ ಪಕ್ಕದ ಬಾಬೆಲ್ಸ್‌ಬರ್ಗ್. ಯುದ್ಧದ ನಂತರ ಬಾಬೆಲ್ಸ್‌ಬರ್ಗ್ ಸೋವಿಯತ್ ವಲಯಕ್ಕೆ ಸೇರಿತು, ಅಲ್ಲಿ ಸರ್ಕಾರಿ ಕಂಪನಿ ಡೆಫಾ ಬಂತು. ಪಶ್ಚಿಮದಲ್ಲಿ ಉಫಾವನ್ನು ಒಡೆದು ಚೂರು ಮಾಡುವುದೇ ಮಿತ್ರರಾಷ್ಟ್ರಗಳ ನೀತಿ. ಮತ್ತೆ ಯಾರೂ ನಾಜಿ ಪ್ರಚಾರ ಮಂತ್ರಿ ಗೋಬೆಲ್ಸ್ ಹಾಗೆ ಇಡೀ ಸಿನಿಮಾವನ್ನು ಮುಷ್ಟಿಯಲ್ಲಿ ಹಿಡಿಯಬಾರದು ಎಂಬುದು ಒಂದು ಕಾರಣ. ಅಮೆರಿಕದ ಚಿತ್ರಗಳಿಗೆ ಮಾರುಕಟ್ಟೆ ಖಾಲಿ ಸಿಗಲಿ ಎಂಬುದು ಇನ್ನೊಂದು. ಹೀಗಾಗಿ ಪಶ್ಚಿಮ ಜರ್ಮನಿಯಲ್ಲಿ ಬಂಡವಾಳವೇ ಇಲ್ಲದ ಸಣ್ಣಸಣ್ಣ ನಿರ್ಮಾಪಕರು ಹುಟ್ಟಿಕೊಂಡರು. ಹೆಚ್ಚಿನವರು ಮ್ಯೂನಿಕ್, ಹ್ಯಾಂಬರ್ಗ್ ಕಡೆ ಹೋದರು. ಸುತ್ತ ಸೋವಿಯತ್ ವಲಯ ಇರುವ, ಆಗಷ್ಟೇ ದಿಗ್ಬಂಧನ ಮುಗಿಸಿ ಎದ್ದಿದ್ದ ಪಶ್ಚಿಮ ಬರ್ಲಿನ್‌ನಲ್ಲಿ ಯಾರು ದುಡ್ಡು ಹಾಕುತ್ತಾರೆ? ಬ್ರೌನರ್ ಹಾಕಿದರು. ಸ್ಪಾಂಡಾವ್ ಭಾಗದಲ್ಲಿ ನಾಜಿ ಕಾಲದಲ್ಲಿ ವಿಷಾನಿಲದ ಪ್ರಯೋಗ ನಡೆಯುತ್ತಿದ್ದ ಹಳೆಯ ಕಾರ್ಖಾನೆಯ ಜಾಗ ಹಿಡಿದು ಅಲ್ಲೇ ಫ್ಲೋರ್ ಕಟ್ಟಿಸಿದರು. 49 ಬಂಧುಗಳನ್ನು ಕಳೆದುಕೊಂಡ ಯಹೂದಿ, ವಿಷಾನಿಲದ ಕಾರ್ಖಾನೆಯಲ್ಲಿ ಹಾಡು ಕುಣಿತದ ಸೆಟ್ ಹಾಕಿಸುತ್ತಾರೆ. ಇದನ್ನು ಮೊದಲು ಓದಿದ ದಿನ ನನಗೆ ರಾತ್ರಿ ಬಹಳ ಹೊತ್ತು ನಿದ್ದೆ ಬಂದಿರಲಿಲ್ಲ.

ಈಗ ದುಡ್ಡಿನ ಲೆಕ್ಕ. ಇದು ಗೊತ್ತಿಲ್ಲದಿದ್ದರೆ ಮುಂದಿನ ಕುಸಿತ ತಿಳಿಯುವುದಿಲ್ಲ. ನಿರ್ಮಾಪಕನ ಕೈಯಲ್ಲಿ ಇರುತ್ತಿದ್ದದ್ದು ಒಂದು ಟೈಟಲ್, ಇಬ್ಬರು ತಾರೆಯರ ಹೆಸರು, ನಾಲ್ಕು ಪುಟದ ಕಥೆ. ಅದನ್ನು ಹಿಡಿದುಕೊಂಡು ವಿತರಕರ ಹತ್ತಿರ ಹೋಗುತ್ತಿದ್ದ. ಕಾನ್ಸ್ಟಾಂಟಿನ್, ಗ್ಲೋರಿಯಾ ಇಂಥ ವಿತರಕರೇ ಆಗಿನ ನಿಜವಾದ ಧಣಿಗಳು. ಗ್ಲೋರಿಯಾವನ್ನು ನಡೆಸುತ್ತಿದ್ದವರು ಇಲ್ಸೆ ಕುಬಾಶೆವ್ಸ್ಕಿ ಎಂಬ ಮಹಿಳೆ, ಪ್ರೇಕ್ಷಕರ ನಾಡಿ ಅವರಷ್ಟು ಬಲ್ಲವರು ಕಡಿಮೆ. ವಿತರಕರು ಇನ್ನೂ ತೆಗೆಯದ ಚಿತ್ರಗಳ ಪಟ್ಟಿ ಮಾಡಿ, ಥಿಯೇಟರ್ ಮಾಲೀಕರಿಗೆ ಗಂಟುಗಂಟಾಗಿ ಮುಂಗಡವೇ ಮಾರುತ್ತಿದ್ದರು. ಆ ಬುಕಿಂಗ್ ಬಲದ ಮೇಲೆ ನಿರ್ಮಾಪಕನಿಗೆ ಗ್ಯಾರಂಟಿ, ಆ ಗ್ಯಾರಂಟಿ ತೋರಿಸಿದರೆ ಬ್ಯಾಂಕಿನಲ್ಲಿ ಸಾಲ. ಚಿತ್ರ ಓಡಿದರೆ ಮೊದಲು ವಿತರಕ ತನ್ನದು ಎತ್ತಿಕೊಳ್ಳುತ್ತಾನೆ, ಆಮೇಲೆ ಬ್ಯಾಂಕ್, ಉಳಿದರೆ ನಿರ್ಮಾಪಕ. ಹಾಗಾಗಿ ಕೈ ನಿಲ್ಲಿಸುವಂತಿಲ್ಲ. ಹೊಸ ಚಿತ್ರದ ಮುಂಗಡದಲ್ಲಿ ಹಳೆಯ ಚಿತ್ರದ ತೂತು ಮುಚ್ಚಬೇಕು. ಸ್ವಂತ ಸ್ಟುಡಿಯೋ ಇಟ್ಟುಕೊಂಡವರಿಗೆ ಇದು ಇನ್ನೂ ಜಾಸ್ತಿ. ಬಡಗಿ, ಎಲೆಕ್ಟ್ರಿಷಿಯನ್, ಬಣ್ಣ ಬಳಿಯುವವರು, ಹೊಲಿಗೆಯವರು, ಇವರಿಗೆಲ್ಲ ಶೂಟಿಂಗ್ ಇರಲಿ ಬಿಡಲಿ ಸಂಬಳ ಕೊಡಬೇಕು. ಸ್ಟುಡಿಯೋ ಅಂದರೆ ಆನೆ ಸಾಕಿದ ಹಾಗೆ.

ಆದರೆ 1950ರ ದಶಕದಲ್ಲಿ ಆನೆಗೆ ಮೇವಿಗೆ ಬರ ಇರಲಿಲ್ಲ. 1956ರಲ್ಲಿ ಪಶ್ಚಿಮ ಜರ್ಮನಿಯಲ್ಲಿ ಸುಮಾರು 81.7 ಕೋಟಿ ಟಿಕೆಟ್ ಮಾರಾಟವಾದವು. ಜನಸಂಖ್ಯೆ ಐದು ಕೋಟಿಗಿಂತ ಸ್ವಲ್ಪ ಜಾಸ್ತಿ. ಅಂದರೆ ಮಗುವಿನಿಂದ ಮುದುಕರವರೆಗೆ ತಲೆಗೆ ವರ್ಷಕ್ಕೆ ಹದಿನೈದು ಸಿನಿಮಾ. ಸಿಸಿಸಿ ಕೆಲವು ವರ್ಷ ಹತ್ತಕ್ಕೂ ಹೆಚ್ಚು ಚಿತ್ರ ಹೊರತಂದಿತು. ಕಟೆರೀನಾ ವಾಲೆಂಟೆ, ಪೀಟರ್ ಅಲೆಕ್ಸಾಂಡರ್ ಹಾಡಿ ಕುಣಿದ ಚಿತ್ರಗಳು ಅಂಗಡಿ ತುಂಬಿದವು. ಅವುಗಳನ್ನು ಇವತ್ತು ಕೂತು ನೋಡುವುದು ಕಷ್ಟ, ಬಿಡಿ. ಆದರೆ ಸೆಟ್, ಲೈಟು, ನೃತ್ಯದ ಜೋಡಣೆ ನೋಡಿದರೆ ಆ ಸ್ಟುಡಿಯೋದ ಕೆಲಸಗಾರರ ಕೈ ಎಷ್ಟು ಪಳಗಿತ್ತು ಅನ್ನುವುದು ಗೊತ್ತಾಗುತ್ತದೆ.

ಇದೇ ಹೊತ್ತಿಗೆ ಬ್ರೌನರ್ ಇನ್ನೊಂದು ಕೆಲಸ ಶುರುಮಾಡಿದರು, ನನ್ನ ಪ್ರಕಾರ ಇದೇ ಅವರ ದೊಡ್ಡತನ. ಹಿಟ್ಲರ್ ಬಂದಾಗ ಅಥವಾ ಅದಕ್ಕೂ ಸ್ವಲ್ಪ ಮೊದಲು ದೇಶ ಬಿಟ್ಟು ಹಾಲಿವುಡ್ ಸೇರಿದ್ದ ನಿರ್ದೇಶಕರನ್ನು ವಾಪಸ್ ಕರೆದರು. ರಾಬರ್ಟ್ ಸಿಯೋಡ್ಮಾಕ್ ಬಂದರು, ವಿಲಿಯಂ ಡೀಟರ್ಲೆ ಬಂದರು, ಫ್ರಿಟ್ಸ್ ಲಾಂಗ್ ಕೂಡ ಬಂದರು. ಸಿಯೋಡ್ಮಾಕ್ 1955ರಲ್ಲಿ ಗೆರ್ಹಾರ್ಟ್ ಹೌಪ್ಟ್‌ಮನ್ ಅವರ ಹಳೆಯ ನಾಟಕ 'ಡೀ ರಾಟೆನ್' ಅನ್ನು, ಅಂದರೆ 'ಇಲಿಗಳು', ಯುದ್ಧಾನಂತರದ ಬರ್ಲಿನ್‌ಗೆ ತಂದರು. ಪೂರ್ವದಿಂದ ನಿರಾಶ್ರಿತಳಾಗಿ ಬಂದ ಹುಡುಗಿಯಾಗಿ ಮಾರಿಯಾ ಶೆಲ್. ಕೈಯಲ್ಲಿ ಕಾಸಿಲ್ಲದೆ, ಹುಟ್ಟಿದ ಮಗುವನ್ನು ಮಕ್ಕಳಿಲ್ಲದ ಹೆಂಗಸಿಗೆ ಕೊಟ್ಟುಬಿಡುತ್ತಾಳೆ, ಆಮೇಲೆ ತಾಯಿಕರುಳು ಕೇಳುವುದಿಲ್ಲ. ಬರ್ಲಿನ್ ಚಿತ್ರೋತ್ಸವದಲ್ಲಿ ಇದಕ್ಕೆ ಅಲ್ಲಿನ ಅತಿದೊಡ್ಡ ಪ್ರಶಸ್ತಿ ಗೋಲ್ಡನ್ ಬೇರ್ ಬಂತು.

ಅದೇ ವರ್ಷ ಎರಡನೇ ಅಂಗಡಿಯ ಬಾಗಿಲನ್ನೂ ಸ್ವಲ್ಪ ತೆರೆದರು. ಹಿಟ್ಲರ್ ಮೇಲೆ 1944ರ ಜುಲೈ 20ರಂದು ಸೈನ್ಯದ ಅಧಿಕಾರಿಗಳೇ ಬಾಂಬ್ ಇಟ್ಟ ಕಥೆ. ನಿರ್ದೇಶಕ ಫಾಲ್ಕ್ ಹಾರ್ನಾಕ್, ಅವರ ಅಣ್ಣ ಆರ್ವಿಡ್ ಅವರನ್ನು ನಾಜಿಗಳು ಗಲ್ಲಿಗೆ ಹಾಕಿದ್ದರು. ಅದೇ ವಿಷಯದ ಮೇಲೆ ಇನ್ನೊಬ್ಬ ನಿರ್ದೇಶಕ ಪಾಬ್ಸ್ಟ್ ಕೂಡ ಚಿತ್ರ ಮಾಡುತ್ತಿದ್ದರು, ಎರಡೂ 1955ರ ಜೂನ್‌ನಲ್ಲಿ ಬೆನ್ನಿಗೆ ಬೆನ್ನು ತೆರೆಕಂಡವು. ಒಂದು ಮಾತು ಗಮನಿಸಿ. ಸಮವಸ್ತ್ರ ಹಾಕಿದ ಜರ್ಮನ್ ಅಧಿಕಾರಿಗಳು ಹಿಟ್ಲರ್‌ಗೆ ಎದುರು ನಿಂತ ಕಥೆ ಜನರಿಗೆ ಒಪ್ಪಿಗೆಯಾಯಿತು. ಕಾಡಿನಲ್ಲಿ ಅಡಗಿದ್ದವರ ಕಥೆಗೆ ಇನ್ನೂ ಕಾಲ ಬಂದಿರಲಿಲ್ಲ. ಇನ್ನೊಂದು ವಿಷಯವನ್ನೂ ಮುಚ್ಚಿಡಬಾರದು. ಇದೇ ಸ್ಟುಡಿಯೋದಲ್ಲಿ ನಾಜಿ ಕಾಲದಲ್ಲೂ ದುಡಿದಿದ್ದ ನಿರ್ದೇಶಕರು, ತಂತ್ರಜ್ಞರು ಕೆಲಸ ಮಾಡಿದರು. ಆಗಿನ ಜರ್ಮನಿಯಲ್ಲಿ ಅವರನ್ನು ಬಿಟ್ಟರೆ ಕೆಲಸ ಬಲ್ಲವರು ಕೈಬೆರಳೆಣಿಕೆ. ಬ್ರೌನರ್ ಅವರೊಂದಿಗೆ ದಿನಾ ಒಂದೇ ಫ್ಲೋರ್‌ನಲ್ಲಿ ನಿಂತರು. ಅದು ಎಷ್ಟು ಕಷ್ಟವೋ, ನಾವು ಊಹಿಸಿಕೊಳ್ಳಬೇಕಷ್ಟೇ.

ನೀವು ನೋಡಿದ ಚಿತ್ರಗಳಿಗೆ ಬರುತ್ತೇನೆ. 'ಎಶ್ನಾಪುರದ ಹುಲಿ' ಮತ್ತು 'ಭಾರತದ ಸಮಾಧಿ', ಎರಡೂ 1959. ಇದರ ಹಿಂದೆ ಒಂದು ಹಳೆಯ ಗಾಯ ಇದೆ. 1920ರ ಸುಮಾರಿಗೆ ಲಾಂಗ್ ಮತ್ತು ಲೇಖಕಿ ಟೇಯಾ ಫಾನ್ ಹಾರ್ಬೌ ಕೂತು ಈ ಕಥೆಗೆ ಚಿತ್ರಕಥೆ ಬರೆದಿದ್ದರು. ಲಾಂಗ್ ತಾನೇ ನಿರ್ದೇಶಿಸಬೇಕು ಅಂತ ಆಸೆಪಟ್ಟಿದ್ದರು. ನಿರ್ಮಾಪಕ ಜೋ ಮೇ ಅದನ್ನು ತಾವೇ ನಿರ್ದೇಶಿಸಿ 1921ರಲ್ಲಿ ತೆರೆಗೆ ತಂದರು. ಸುಮಾರು ನಲವತ್ತು ವರ್ಷ ಆದಮೇಲೆ ಬ್ರೌನರ್ ಬಂದು, ತಗೊಳ್ಳಿ, ಈಗ ನೀವೇ ಮಾಡಿ ಅಂದಾಗ ಲಾಂಗ್ ಅವರಿಗೆ 67 ದಾಟುತ್ತಿತ್ತು. ಒಪ್ಪಿಕೊಂಡರು.

ಹೊರಾಂಗಣ ಉದಯಪುರದಲ್ಲಿ. ಸರೋವರ, ಅರಮನೆ, ಮೆಟ್ಟಿಲು, ಬಿಸಿಲು. ಒಳಾಂಗಣದ ಬಹುಪಾಲು ಸ್ಪಾಂಡಾವ್ ಫ್ಲೋರ್‌ನಲ್ಲಿ. ಎರಡನೇ ಭಾಗದ ನಾಗನೃತ್ಯ ನಿಮಗೆ ನೆನಪಿರಬೇಕು. ಗುಹೆಯೊಳಗೆ ಬೃಹತ್ ದೇವಿ ವಿಗ್ರಹ, ಅದರ ಮುಂದೆ ಅಮೆರಿಕದ ನಟಿ ಡೆಬ್ರಾ ಪೇಜೆಟ್. ಹಾವು ಕಚ್ಚಿದರೆ ತಪ್ಪಿತಸ್ಥೆ, ಬಿಟ್ಟರೆ ನಿರ್ದೋಷಿ. ಹಾವು ಬೊಂಬೆ ಎಂದು ಮೊದಲ ನೋಟಕ್ಕೇ ಗೊತ್ತಾಗುತ್ತದೆ. ಆದರೂ ನೃತ್ಯದ ಲಯ, ಸುತ್ತ ಕೂತವರು ಅಲ್ಲಾಡದೆ ನೋಡುವ ರೀತಿ, ಬಣ್ಣಗಳನ್ನು ಇಟ್ಟಿರುವ ಲೆಕ್ಕಾಚಾರ, ಇದೆಲ್ಲ ಲಾಂಗ್ ಕೈಯದೇ. ಮುಖಕ್ಕೆ ಕಂದು ಬಣ್ಣ ಬಳಿದ ಯುರೋಪಿಯನ್ನರು ಮಹಾರಾಜ, ಪುರೋಹಿತ ಆಗಿ ಬರುವುದು ನಮಗೆ ಇರುಸುಮುರುಸು. ಆಗಬೇಕಾದದ್ದೇ. ಅಲ್ಲಿನ ಭಾರತ ಯಾವತ್ತೂ ಇರಲಿಲ್ಲ, ಅದು 1920ರ ಬರ್ಲಿನ್ ಕಂಡ ಕನಸು. ಜರ್ಮನ್ ವಿಮರ್ಶಕರು ಹರಿದು ಹಾಕಿದರು, ಜನ ಮುಗಿಬಿದ್ದು ನೋಡಿದರು. ಅಮೆರಿಕದಲ್ಲಿ ಎರಡನ್ನೂ ಕತ್ತರಿಸಿ ಸುಮಾರು ಒಂದೂವರೆ ಗಂಟೆಯ ಒಂದೇ ಚಿತ್ರ ಮಾಡಿ ಬಿಟ್ಟರು, ಅದನ್ನು ಮಾತ್ರ ದಯವಿಟ್ಟು ನೋಡಬೇಡಿ.

ಇದಾದ ಮೇಲೆ ಲಾಂಗ್ ಸಿಸಿಸಿಗೆ ಇನ್ನೊಂದು ಚಿತ್ರ ಮಾಡಿದರು, ಅದೇ ಅವರ ಕೊನೆಯದು: 1960ರ 'ಡಾಕ್ಟರ್ ಮಬೂಸೆಯ ಸಾವಿರ ಕಣ್ಣುಗಳು'. ಬರ್ಲಿನ್‌ನ ಒಂದು ಐಷಾರಾಮಿ ಹೋಟೆಲ್, ನಾಜಿಗಳು ಕಟ್ಟಿಸಿದ್ದು. ಕೋಣೆ ಕೋಣೆಯಲ್ಲೂ ಅಡಗಿಸಿಟ್ಟ ಕ್ಯಾಮೆರಾ, ನೆಲಮಾಳಿಗೆಯಲ್ಲಿ ಸಾಲಾಗಿ ಟಿವಿ ಪರದೆಗಳು. ಖಳ ಅಲ್ಲಿ ಕೂತು ಎಲ್ಲರನ್ನೂ ನೋಡುತ್ತಾನೆ. ಥಿಯೇಟರ್‌ಗೆ ಹೋಗುತ್ತಿದ್ದ ಜನರನ್ನು ಟಿವಿ ಮನೆಯಲ್ಲೇ ಕೂರಿಸಲು ಶುರುಮಾಡಿದ್ದ ಅದೇ ಹೊತ್ತಿನಲ್ಲಿ ಆ ನೆಲಮಾಳಿಗೆ ತೆರೆಯ ಮೇಲೆ ಬಂತು. ನಾನು ಅದನ್ನು ನೋಡುವಾಗಲೆಲ್ಲ ಸಿಸಿಸಿಯನ್ನೇ ನೆನೆಯುತ್ತೇನೆ.

ಈಗ ಇಳಿಜಾರು. 1957ರಲ್ಲಿ ಪಶ್ಚಿಮ ಜರ್ಮನಿಯಲ್ಲಿ ಟಿವಿ ಇದ್ದ ಮನೆಗಳು ಹತ್ತು ಲಕ್ಷ ಮುಟ್ಟಿದವು. ಆಮೇಲೆ ಅದು ಓಡಿದ ವೇಗ ಯಾರೂ ನಿರೀಕ್ಷಿಸಿರಲಿಲ್ಲ. 1963ರಲ್ಲಿ ಎರಡನೇ ಚಾನೆಲ್ ಝಡ್‌ಡಿಎಫ್ ಶುರುವಾಯಿತು. ಸಿನಿಮಾ ಟಿಕೆಟ್ 1962ಕ್ಕೆ 44.3 ಕೋಟಿಗೆ ಇಳಿದಿತ್ತು, ಆ ದಶಕ ಮುಗಿಯುವ ಹೊತ್ತಿಗೆ 20 ಕೋಟಿಯೂ ಇಲ್ಲ. ಬರ್ಲಿನ್‌ಗೆ ಇನ್ನೊಂದು ಪೆಟ್ಟು: 1961ರ ಆಗಸ್ಟ್‌ನಲ್ಲಿ ಗೋಡೆ ಎದ್ದಿತು. ಪೂರ್ವ ಬರ್ಲಿನ್‌ನಿಂದ ಗಡಿ ದಾಟಿ ಬಂದು ಸಿನಿಮಾ ನೋಡುತ್ತಿದ್ದವರು ರಾತ್ರೋರಾತ್ರಿ ನಿಂತುಹೋದರು, ಅವರನ್ನೇ ನಂಬಿದ್ದ ಗಡಿ ಥಿಯೇಟರ್‌ಗಳು ಬಿಕೋ ಅಂದವು.

ಥಿಯೇಟರ್ ಖಾಲಿಯಾದರೆ ಮುಂಗಡ ಬುಕಿಂಗ್ ಇಲ್ಲ. ಬುಕಿಂಗ್ ಇಲ್ಲದಿದ್ದರೆ ಗ್ಯಾರಂಟಿ ಇಲ್ಲ, ಗ್ಯಾರಂಟಿ ಇಲ್ಲದಿದ್ದರೆ ಸಾಲ ಇಲ್ಲ. ಮೇಲೆ ಹೇಳಿದ ಸರಪಳಿ ಪೂರ್ತಿ ಸಡಿಲವಾಯಿತು. ಅದರಲ್ಲಿ ಉಳಿದವರು ಸೀರೀಸ್ ಹಿಡಿದವರು. ಇಲ್ಲಿ ಬ್ರೌನರ್ ಎಡವಿದರು. ಅವರ ಹತ್ತಿರವೇ ಕೆಲಸ ಮಾಡುತ್ತಿದ್ದ ಹೋರ್ಸ್ಟ್ ವೆಂಡ್ಲಾಂಟ್ 1960ರ ದಶಕದ ಶುರುವಿನಲ್ಲಿ ರಿಯಾಲ್ಟೋ ಕಂಪನಿಗೆ ಹೋದರು. ರಿಯಾಲ್ಟೋ ಆಗಲೇ ಇಂಗ್ಲಿಷ್ ಲೇಖಕ ಎಡ್ಗರ್ ವಾಲೇಸ್ ಕಥೆಗಳ ಪತ್ತೇದಾರಿ ಚಿತ್ರಗಳಿಂದ ದುಡಿಯುತ್ತಿತ್ತು. ವೆಂಡ್ಲಾಂಟ್ 1962ರಲ್ಲಿ ಜರ್ಮನ್ ಸಾಹಸ ಕಥೆಗಾರ ಕಾರ್ಲ್ ಮೇ ಅವರ ಕಾದಂಬರಿಯ ಮೇಲೆ, ವಿನೆಟೂ ಎಂಬ ರೆಡ್ ಇಂಡಿಯನ್ ವೀರನ ಚಿತ್ರ ತೆಗೆದರು, ಯುಗೊಸ್ಲಾವಿಯಾದ ಬೆಟ್ಟಗಳಲ್ಲಿ. ದೇಶವೇ ಹುಚ್ಚೆದ್ದು ನೋಡಿತು. ಬ್ರೌನರ್ ಹಿಂದೆ ಬಿದ್ದು ಓಡಿದರು. ವಾಲೇಸ್ ಕಥೆಗಳು ಸಿಗದಿದ್ದಾಗ ಅವರ ಮಗ ಬ್ರಯಾನ್ ಎಡ್ಗರ್ ವಾಲೇಸ್ ಹೆಸರಲ್ಲಿ ಚಿತ್ರಗಳು. ಮಬೂಸೆಯನ್ನು 1964ರೊಳಗೆ ಇನ್ನೂ ಐದು ಸಲ ಎಬ್ಬಿಸಿದರು. ಕಾರ್ಲ್ ಮೇ ಕಥೆಗಳನ್ನೂ ಮಾಡಿದರು, ಅದರಲ್ಲಿ 1964ರ 'ಓಲ್ಡ್ ಶಾಟರ್‌ಹ್ಯಾಂಡ್' ದೊಡ್ಡ ಖರ್ಚಿನದು. ಕೆಲವು ಓಡಿದವು. ಆದರೆ ಹಿಂದೆ ಜನರ ರುಚಿಯನ್ನು ತಾನೇ ಮೊದಲು ಹಿಡಿಯುತ್ತಿದ್ದ ಕಂಪನಿ ಈಗ ಬೇರೆಯವರು ಹಾಕಿದ ದಾರಿಯಲ್ಲಿ ನಡೆಯುತ್ತಿತ್ತು.

ಕೊನೆಯ ದೊಡ್ಡ ಪಣ 'ಡೀ ನಿಬೆಲುಂಗೆನ್', ಎರಡು ಭಾಗ, 1966-67. 1924ರಲ್ಲಿ ಲಾಂಗ್ ಮಾಡಿದ್ದ ಮಹಾಕಾವ್ಯ. ಲಾಂಗ್ ಮತ್ತೆ ಬರಲಿಲ್ಲ, ವಿನೆಟೂ ಖ್ಯಾತಿಯ ಹರಾಲ್ಡ್ ರೈನ್ಲ್ ನಿರ್ದೇಶಿಸಿದರು. ಡ್ರ್ಯಾಗನ್ ಕೊಲ್ಲುವ ವೀರ ಸೀಗ್‌ಫ್ರೀಡ್ ಪಾತ್ರಕ್ಕೆ ಹಾಕಿಕೊಂಡದ್ದು ನಟನನ್ನಲ್ಲ, ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಹ್ಯಾಮರ್ ಎಸೆತದಲ್ಲಿ ಕಂಚು ಗೆದ್ದ ಊವೆ ಬೇಯರ್ ಅವರನ್ನು. ಮೈಕಟ್ಟು ನೋಡಿದರೆ ಸೀಗ್‌ಫ್ರೀಡ್ ಅಂದರೆ ಇವನೇ. ಮಾತು ಬಂದಾಗ ಮುಖದಲ್ಲಿ ಏನೂ ಓಡುವುದಿಲ್ಲ. ಐಸ್‌ಲ್ಯಾಂಡ್‌ನ ಬಿಸಿಬುಗ್ಗೆ, ಯುಗೊಸ್ಲಾವಿಯಾದ ಕುದುರೆ ಸವಾರರು, ಖರ್ಚಿಗೆ ಹಿಂದೆಮುಂದೆ ನೋಡಲಿಲ್ಲ. ನನಗಂತೂ ಆ ಚಿತ್ರ ನೋಡುವಾಗ ಇದು ಹತ್ತು ವರ್ಷ ತಡವಾಗಿ ಬಂದ ಚಿತ್ರ ಅನ್ನಿಸುತ್ತದೆ.

ಇಷ್ಟರಲ್ಲಿ ಹೊಸದಾಗಿ ಸಿನಿಮಾ ಮಾಡುವ ಹುಡುಗರು ಎದ್ದಿದ್ದರು. 1962ರ ಫೆಬ್ರುವರಿ 28ರಂದು ಓಬರ್‌ಹೌಸೆನ್ ಊರಿನ ಕಿರುಚಿತ್ರೋತ್ಸವದಲ್ಲಿ 26 ಜನ ಸಹಿ ಹಾಕಿ, ಹಳೆಯ ಸಿನಿಮಾ ಸತ್ತಿತು ಅಂತ ಘೋಷಿಸಿದರು. ಅವರಿಗೆ ಬ್ರೌನರ್ ಅಂದರೆ ಆ ಹಳೆಯ 'ಅಪ್ಪಂದಿರ ಸಿನಿಮಾ'ದ ಮುಖ. ಆ ಸಿಟ್ಟು ನನಗೆ ಅರ್ಥವಾಗುತ್ತದೆ. ಜರ್ಮನ್ ಸಿನಿಮಾಗೆ ಅದು ಬೇಕಾಗಿಯೂ ಇತ್ತು. ಆದರೆ ಅವರ ಅಪ್ಪಂದಿರು ಮಾತೇ ಎತ್ತದ ವಿಷಯವನ್ನು 1948ರಲ್ಲೇ ಸಾಲ ಮಾಡಿ ತೆರೆಗೆ ತಂದವರು ಇದೇ ಬ್ರೌನರ್. ಅದನ್ನು ಆಗ ಯಾರೂ ನೆನೆಯಲಿಲ್ಲ, ಅದು ಅನ್ಯಾಯ.

1970ರ ಸುಮಾರಿಗೆ ಸ್ಟುಡಿಯೋದ ಕಾಯಂ ಕೆಲಸಗಾರರನ್ನು ಬಿಡಬೇಕಾಯಿತು. ವರ್ಷಕ್ಕೆ ಹತ್ತು ಚಿತ್ರ ತೆಗೆಯುತ್ತಿದ್ದ ಜಾಗದಲ್ಲಿ ಒಂದೆರಡು, ಅವೂ ಇಟಲಿ, ಸ್ಪೇನ್, ಫ್ರಾನ್ಸ್ ಕಂಪನಿಗಳ ಜೊತೆ ಪಾಲುದಾರಿಕೆಯಲ್ಲಿ. ಅಗ್ಗದ ಸೆಕ್ಸ್, ಭಯಾನಕ ಚಿತ್ರಗಳಿಗೂ ಕೈ ಹಾಕಿದರು, ಅವುಗಳ ಬಗ್ಗೆ ಹೇಳುವುದು ಹೆಚ್ಚಿಲ್ಲ. ಬೇರೆಯವರ ಗತಿ ಇನ್ನೂ ಕೆಟ್ಟದಾಗಿತ್ತು. ಮತ್ತೆ ಕಟ್ಟಿದ್ದ ಉಫಾ 1960ರ ದಶಕದ ಆರಂಭದಲ್ಲೇ ಕುಸಿದು 1964ರಲ್ಲಿ ಬೆರ್ಟೆಲ್ಸ್‌ಮನ್ ಎಂಬ ಪ್ರಕಾಶನ ಕಂಪನಿಯ ಕೈಗೆ ಹೋಯಿತು. ಧಣಿಯಾಗಿದ್ದ ಕಾನ್ಸ್ಟಾಂಟಿನ್ 1977ರಲ್ಲಿ ದಿವಾಳಿಯಾಯಿತು, ಆಮೇಲೆ ಬೇರೆಯವರ ಕೈಯಲ್ಲಿ ಹೊಸದಾಗಿ ಎದ್ದಿತು. ಬ್ರೌನರ್ ಉಳಿದದ್ದು ಬರ್ಲಿನ್‌ನಲ್ಲಿ ಮಾಡಿಟ್ಟಿದ್ದ ಕಟ್ಟಡ, ಆಸ್ತಿಗಳಿಂದ.

ಇಲ್ಲೇ ಕಥೆ ತಿರುಗುವುದು. ಮೊದಲ ಅಂಗಡಿ ಬಾಗಿಲು ಹಾಕಿದ ಮೇಲೆ ಎರಡನೇ ಅಂಗಡಿ ಪೂರ್ತಿ ತೆರೆಯಿತು. 1970ರಲ್ಲಿ ವಿಟ್ಟೋರಿಯೋ ಡಿ ಸಿಕಾ ಅವರ 'ಫಿಂಜಿ ಕಾಂಟಿನಿಯವರ ತೋಟ'ಕ್ಕೆ ಸಿಸಿಸಿ ಪಾಲುದಾರ. ಫೆರಾರಾ ಊರಿನ ಶ್ರೀಮಂತ ಯಹೂದಿ ಮನೆತನ, ಎತ್ತರದ ಗೋಡೆಯ ಒಳಗಿನ ತೋಟ, ಹೊರಗೆ ದಿನದಿನಕ್ಕೆ ಬಿಗಿಯಾಗುವ ಕಾನೂನು. ಗೋಲ್ಡನ್ ಬೇರ್ ಬಂತು, ವಿದೇಶಿ ಭಾಷಾ ಚಿತ್ರದ ಆಸ್ಕರ್ ಬಂತು. 1985ರಲ್ಲಿ ಆಗ್ನಿಯೆಷ್ಕಾ ಹಾಲಂಡ್ ನಿರ್ದೇಶನದ 'ಬಿಟರೆ ಎರ್ನ್ಟೆ' ಪಶ್ಚಿಮ ಜರ್ಮನಿಯ ಪರವಾಗಿ ಆಸ್ಕರ್ ನಾಮನಿರ್ದೇಶನ ಪಡೆಯಿತು. ಶಿಂಡ್ಲರ್ ಕಥೆಯನ್ನು ಸ್ಪೀಲ್‌ಬರ್ಗ್‌ಗಿಂತ ಎಷ್ಟೋ ಮೊದಲು ಚಿತ್ರ ಮಾಡಲು ಬ್ರೌನರ್ ಓಡಾಡಿದರು, ಜರ್ಮನಿಯಲ್ಲಿ ಸಹಾಯಧನ ಸಿಗಲಿಲ್ಲ.

ಇನ್ನು 1990ರ 'ಹಿಟ್ಲರ್‌ಯೂಂಗೆ ಸಾಲೊಮೊನ್', ಇಂಗ್ಲಿಷ್‌ನಲ್ಲಿ 'ಯುರೋಪಾ ಯುರೋಪಾ'. ಇದೂ ಹಾಲಂಡ್ ಅವರದೇ, ಫ್ರಾನ್ಸ್ ಜೊತೆ ಸೇರಿ ಮಾಡಿದ್ದು. ಸಾಲೊಮನ್ ಪೆರೆಲ್ ಎಂಬ ಯಹೂದಿ ಹುಡುಗನ ನಿಜ ಕಥೆ. ಜರ್ಮನಿಯಿಂದ ಅವನ ಮನೆಯವರು ಓಡಿ ಸೇರುವ ಊರು ಲೋಡ್ಜ್, ಬ್ರೌನರ್ ಹುಟ್ಟಿದ ಊರು. ಅಲ್ಲಿಂದಲೂ ಓಡಿ, ಕೊನೆಗೆ ಜರ್ಮನ್ ಸೈನಿಕರ ಕೈಗೆ ಸಿಕ್ಕಾಗ ತಾನೂ ಜರ್ಮನ್ ಎಂದು ಹೇಳಿ, ಹಿಟ್ಲರ್ ಯುವದಳದ ಶಾಲೆಗೇ ಸೇರಿಕೊಂಡು ಬದುಕುತ್ತಾನೆ. ಬಟ್ಟೆ ಬಿಚ್ಚಿದರೆ ಸುನ್ನತಿ ಕಂಡುಬಿಡುತ್ತದೆ ಎಂಬ ಒಂದೇ ಭಯದಲ್ಲಿ ಇಡೀ ಚಿತ್ರ ನಡುಗುತ್ತದೆ. ಅಮೆರಿಕದಲ್ಲಿ ಗೋಲ್ಡನ್ ಗ್ಲೋಬ್ ಗೆದ್ದಿತು, ಚಿತ್ರಕಥೆಗೆ ಆಸ್ಕರ್ ನಾಮನಿರ್ದೇಶನವೂ ಬಂತು. ವಿದೇಶಿ ಚಿತ್ರದ ಆಸ್ಕರ್‌ಗೆ ಮಾತ್ರ ಜರ್ಮನ್ ಸಮಿತಿ ಅದನ್ನು ಕಳಿಸಲೇ ಇಲ್ಲ. ಆಗ ಜರ್ಮನಿಯ ಹೆಸರಾಂತ ನಿರ್ದೇಶಕರೇ ಬಹಿರಂಗವಾಗಿ ಪ್ರತಿಭಟಿಸಿದರು. 'ಮೊರಿಟುರಿ' ಬಂದು ನಲವತ್ತಕ್ಕೂ ಹೆಚ್ಚು ವರ್ಷ ಆಗಿತ್ತು. ಬ್ರೌನರ್ ಪರ ಜರ್ಮನ್ ಸಿನಿಮಾದವರು ದನಿ ಎತ್ತಿದ್ದು ನೋಡಿದರೆ ಅಷ್ಟು ವರ್ಷದಲ್ಲಿ ಏನೋ ಬದಲಾಗಿತ್ತು, ಸಮಿತಿಯ ಕೋಣೆಯೊಳಗೆ ಮಾತ್ರ ಇನ್ನೂ ಇಲ್ಲ.

ಹಾಗಾಗಿ ನಿಮ್ಮ ಪ್ರಶ್ನೆಗೆ, ಬಿದ್ದದ್ದು ಸ್ಟುಡಿಯೋ. ಬ್ರೌನರ್ ಕಂಪನಿ ಬಿಡಲಿಲ್ಲ. 2003ರಲ್ಲಿ 'ಬಾಬಿ ಯಾರ್', 2006ರಲ್ಲಿ 'ಕೊನೆಯ ರೈಲು', ಆಗ ಅವರಿಗೆ 88ರ ಹತ್ತಿರ. ನಾಜಿಗಳು ಕೊಂದ ಯಹೂದಿಗಳ ನೆನಪಿಗಾಗಿ ಇರುವ ಜೆರುಸಲೇಮಿನ ಯಾದ್ ವಾಶೆಮ್ ಸ್ಮಾರಕದವರು ಅವರ 21 ಚಿತ್ರಗಳನ್ನು ಸಂಗ್ರಹಕ್ಕೆ ತೆಗೆದುಕೊಂಡರು. 2019ರ ಜುಲೈನಲ್ಲಿ, ನೂರು ತುಂಬಿದ ಮೇಲೆ ಬರ್ಲಿನ್‌ನಲ್ಲೇ ತೀರಿಕೊಂಡರು. ಸಿಸಿಸಿ ಹೆಸರು ಇವತ್ತೂ ಇದೆ, ಮಗಳು ಆಲಿಸ್ ಬ್ರೌನರ್ ಮುಂದುವರಿಸಿದ್ದಾರೆ.

ಮುಂದೆ ಏನು ನೋಡಲಿ ಅಂತ ಕೇಳಿದರೆ, ಮೊದಲು 'ಮೊರಿಟುರಿ' ಹುಡುಕಿ. ಒಂದೂವರೆ ಗಂಟೆಯೂ ಇಲ್ಲ. ಮಾರನೇ ದಿನ 'ಹಿಟ್ಲರ್‌ಯೂಂಗೆ ಸಾಲೊಮೊನ್' ನೋಡಿ. ನಡುವೆ ಬೇರೆ ಚಿತ್ರ ಬೇಡ.